ಕಪ್ಪೆಗಳ ಲಗ್ನವೂ ನನ್ನ ಬೆರಳೂ

ಮೊದಲು ಮೂಗಿನ ಮಾತು ಹೇಳಿಬಿಡುತ್ತೇನೆ. ಕೆಲಸಕ್ಕೆ ತೆಗೆದುಕೊಳ್ಳುವಾಗ ಇದನ್ನು ಯಾರೂ ಹೇಳುವುದಿಲ್ಲ. ಪ್ರಯೋಗಶಾಲೆಯಲ್ಲಿ ಆಯಾ ಆಗಿದ್ದಷ್ಟು ವರ್ಷ ನಾನು ಸೀನಿದರೆ ಸೆರಗು ಕಪ್ಪಾಗುತ್ತಿತ್ತು. ನವನಗರದ ಬಾಡಿಗೆ ಕಟ್ಟಡವೊಂದರಲ್ಲಿ ನಡೆಯುತ್ತಿದ್ದ ಫಿಜಿಯೋಥೆರಪಿ ಕಾಲೇಜು ಅದು. ಕೈಕಾಲು ಬಿದ್ದವರಿಗೆ ವ್ಯಾಯಾಮ ಮಾಡಿಸಿ ಎಬ್ಬಿಸುವ ವಿದ್ಯೆಯನ್ನು ಅಲ್ಲಿ ಕಲಿಸುತ್ತಿದ್ದರು. ಕಾಲೇಜು ಮಾತ್ರ ಬಿದ್ದದ್ದು ಏಳಲಿಲ್ಲ. ಈಗ ಆ ಕಟ್ಟಡ ಕಲ್ಯಾಣಮಂಟಪವಾಗಿದೆ. ಹೀಗಾಗಿ ಯಾರಿಗೂ ಹೆದರದೆ ಬರೆಯುತ್ತಿದ್ದೇನೆ.

ನಾನು ಶಾಲೆಗೆ ಹೋಗಿದ್ದು ಕಡಿಮೆ. ಓದಲು ಬರೆಯಲು ಬರುತ್ತದೆ, ಅಷ್ಟೇ. ನಮ್ಮ ಓಣಿಯ ಹುಡುಗಿಯೊಬ್ಬಳು ಮೊನ್ನೆ ಇಂಥದೇ ಕೆಲಸಕ್ಕೆ ಸೇರಿದಳು. ಅವಳಿಗೂ ಅವಳಂಥವರಿಗೂ ಗೊತ್ತಿರಲಿ ಅಂತ ಈ ಬರಹ.

ನನ್ನ ಮುಖ್ಯ ಕೆಲಸ ಕಾಗದಕ್ಕೆ ಹೊಗೆ ಹಾಕುವುದು. ಲೋಹದ ಉರುಳೆಗೆ ನುಣುಪಾದ ಬಿಳಿ ಕಾಗದ ಸುತ್ತಿ, ಸೀಮೆಎಣ್ಣೆಯ ಬತ್ತಿಯ ಮೇಲೆ ತಿರುಗಿಸುತ್ತ ಹೋದರೆ ಕಾಗದ ಎಮ್ಮೆಯ ಬೆನ್ನಿನಂತೆ ಕಪ್ಪಾಗುತ್ತದೆ. ಕೈ ನಿಂತರೆ ಸುಡುತ್ತದೆ, ಅವಸರ ಮಾಡಿದರೆ ಪಟ್ಟೆ ಬೀಳುತ್ತದೆ. ಆಮೇಲೆ ಆ ಉರುಳೆಯನ್ನು ಯಂತ್ರಕ್ಕೆ ಏರಿಸುತ್ತಾರೆ. ಅದರ ಎದುರು ಕಪ್ಪೆಯ ಮೀನಖಂಡವನ್ನು ದಾರದಿಂದ ಒಂದು ಕಡ್ಡಿಗೆ ಕಟ್ಟುತ್ತಾರೆ. ಜೀವ ಹೋದ ಕಪ್ಪೆಯೇ ಸರಿ. ಆದರೂ ನರಕ್ಕೆ ಒಂದಿಷ್ಟು ಕರೆಂಟು ತಾಗಿಸಿದರೆ ಸ್ನಾಯು ಕುಗ್ಗಿ ಕಡ್ಡಿಯನ್ನು ಎಳೆಯುತ್ತದೆ, ಕಡ್ಡಿಯ ತುದಿ ಮಸಿಯ ಮೇಲೆ ಬೆಳ್ಳಗೆ ಗೀರುತ್ತದೆ. ಏರುವ ಗೆರೆ ಅಂದರೆ ಸ್ನಾಯು ಬಿಗಿದದ್ದು, ಇಳಿಯುವ ಗೆರೆ ಅಂದರೆ ಸಡಿಲಿಸಿದ್ದು. ಆ ಗೆರೆ ಸಿಕ್ಕ ಹುಡುಗ ಪಾಸು, ಸಿಗದವನು ಫೇಲು. ಗೀರಿದ ಕಾಗದವನ್ನು ವಾರ್ನಿಷಿನಲ್ಲಿ ಅದ್ದಿ ಹಗ್ಗಕ್ಕೆ ನೇತುಹಾಕುವುದು ಮತ್ತೆ ನನ್ನ ಪಾಲು. ಅದ್ದದೆ ಮುಟ್ಟಿದರೆ ಮಸಿಯೂ ಹೋಯಿತು, ಗೆರೆಯೂ ಹೋಯಿತು.

ಒಮ್ಮೆ ಕಾಲೇಜಿನ ಚೇರ್ಮನ್ನರು ಮುನ್ಸೂಚನೆ ಇಲ್ಲದೆ ಬಂದರು. ವರಾಂಡದ ತುಂಬ ನೇತಾಡುವ ಕರಿ ಕಾಗದ ನೋಡಿ ಮೆಟ್ಟಿಲ ಮೇಲೆಯೇ ನಿಂತುಬಿಟ್ಟರು.

"ಯಾರ ಕಟ್ಟ್ಯಾರ ಇವನ್ನ? ನನಗ ಕರೇ ಬಾವುಟ ತೋರಸೂವಷ್ಟ ಸೊಕ್ಕ ಬಂತೇನ ಈ ಹುಡುಗರಿಗೆ?"

"ಬಾವುಟ ಅಲ್ರಿ ಸಾಹೇಬ್ರ, ಕಪ್ಪಿ ಕಾಲಿನ ಗೆರಿ ಅವು," ಅಂದೆ.

"ಕಪ್ಪಿ ಹೆಸರಲೆ ರಾಜಕೀಯ ಮಾಡ್ತೀರೇನ?" ಅಂದು ಕಾರು ಹತ್ತಿ ಹೋದರು. ಆ ತಿಂಗಳು ನಮ್ಮ ಪಗಾರ ತಡವಾಯಿತು. ಆಮೇಲೆ ಕಾಗದಗಳನ್ನು ಹಿತ್ತಲಲ್ಲಿ ಒಣಗಿಸತೊಡಗಿದೆ.

ನನ್ನ ಮೇಲಿನವರು ದೇಸಾಯಿ ಸರ್. ಪಾಠ ಚೆನ್ನಾಗಿ ಹೇಳುತ್ತಿದ್ದರು, ಬೇರೆ ಯಾವುದಕ್ಕೂ ಧೈರ್ಯ ಇರಲಿಲ್ಲ. ವರ್ಷಕ್ಕೊಮ್ಮೆ ಅದೇ ಪಾಠ. ಉರುಳೆ ತಿರುಗಿಸುತ್ತ ಕೇಳಿ ಕೇಳಿ ನನಗೂ ಬಾಯಿಪಾಠವಾಯಿತು. ಸ್ನಾಯುವಿಗೆ ಎಳೆಯುವುದು ಗೊತ್ತು, ನೂಕುವುದು ಗೊತ್ತಿಲ್ಲ. ಕೈ ಮಡಚಲು ಮುಂದಿನ ರಟ್ಟೆ ಎಳೆಯಬೇಕು, ಚಾಚಲು ಹಿಂದಿನ ರಟ್ಟೆ ಎಳೆಯಬೇಕು. ಒಂದು ಎಳೆಯುವಾಗ ಇನ್ನೊಂದು ಸಡಿಲು ಬಿಡದಿದ್ದರೆ ಕೈ ಎಲ್ಲಿತ್ತೋ ಅಲ್ಲೇ. ಇದನ್ನು ಕೇಳಿದಾಗಲೆಲ್ಲ ನನಗೆ ನಮ್ಮ ಆಡಳಿತ ಮಂಡಳಿಯ ಸಭೆ ನೆನಪಾಗುತ್ತಿತ್ತು.

ಇನ್ನು ಸ್ನಾಯುವಿನ ಒಳಗೆ ಏನು ನಡೆಯುತ್ತದೆ ಅನ್ನುವುದಕ್ಕೆ ಸರ್ ಬಾವಿಯ ಮಾತು ಹೇಳುತ್ತಿದ್ದರು. "ಬಾವ್ಯಾಗಿಂದ ಕೊಡ ಸೇದ್ತೀರಿ. ಹಗ್ಗ ಗಿಡ್ಡ ಆಗತೈತೇನು? ಇಲ್ಲ. ಹಿಡೀತೀರಿ, ಎಳೀತೀರಿ, ಬಿಡ್ತೀರಿ, ಮತ್ತ ಮುಂದ ಹಿಡೀತೀರಿ. ಸ್ನಾಯುವಿನಾಗೂ ದಪ್ಪ ಎಳಿ ಅದಾವ, ಸಣ್ಣ ಎಳಿ ಅದಾವ. ಒಂದೊಂದ ದಪ್ಪ ಎಳಿಗೆ ನೂರಾರ ಕೈ. ಅವು ಸಣ್ಣ ಎಳೀನ ಹಿಂಗ ಸೇದತಾವ." ಆಮೇಲೆ ದನಿ ಇಳಿಸಿ ಹೇಳುತ್ತಿದ್ದರು: "ಹಿಡಿದದ್ದನ್ನ ಬಿಡಾಕೂ ಶಕ್ತಿ ಬೇಕ್ರಪಾ. ಆ ಶಕ್ತಿ ಮುಗದ ಮ್ಯಾಲೆ ಕೈ ಹಿಡಕೊಂಡಽ ಉಳೀತಾವ. ಅದಕ್ಕಽ ಹೆಣ ಸೆಟೀತೈತಿ."

ಹಿಂದಿನ ಬೆಂಚಿನ ಹುಡುಗನೊಬ್ಬ, "ಹಂಗಾರ ನಮ್ಮ ಚೇರ್ಮನ್ನರು ಖುರ್ಚಿ ಹಿಡಕೊಂಡದ್ದೂ ಅದಽ ಏನ್ರಿ ಸರ್?" ಅಂದ. ದೇಸಾಯಿ ಸರ್ ಬಾಗಿಲ ಕಡೆ ನೋಡಿದರು, ಕಿಟಕಿ ಕಡೆ ನೋಡಿದರು, ಆಮೇಲೆ ನಕ್ಕರು.

ಇನ್ನು ಹುಡುಗರ ಭಕ್ತಿಯ ಕಥೆ. ಪ್ರಯೋಗಕ್ಕೆ ಮುಂಚೆ ಕಪ್ಪೆಯ ತಲೆಯ ಹಿಂದೆ ಸೂಜಿ ಇಳಿಸಿ ಅದರ ಜೀವ ತೆಗೆಯಬೇಕು. ಇಡೀ ವರ್ಷ ಮಾಡುತ್ತಿದ್ದವರೇ ಶ್ರಾವಣ ಬಂತೆಂದರೆ ನನ್ನ ಹತ್ತಿರ ಸಾಲು ನಿಲ್ಲುತ್ತಿದ್ದರು. "ಸಂಗವ್ವಾರ, ಸೋಮವಾರ ಐತ್ರಿ, ನೀವಽ ಒಂದ ಸೂಜಿ ಹಾಕಿಕೊಡ್ರಿ." ಚರ್ಮ ಸುಲಿಯಲು, ಕಾಲು ಕೊಯ್ಯಲು, ಕರೆಂಟು ಕೊಡಲು ಅಡ್ಡಿಯಿಲ್ಲ, ಸೂಜಿ ಮಾತ್ರ ಪಾಪ. ನಾನು ಹಾಲುಮತದವಳು, ಹುನಗುಂದದ ಹತ್ತಿರದ ಬೀರಪ್ಪನ ಒಕ್ಕಲು. ನಮ್ಮ ಮನೆಯಲ್ಲಿ ಕುರಿ ಕೊಯ್ಯುವಾಗ ಯಾರೂ ವಾರ ಕೇಳಿದವರಲ್ಲ. ಹಾಕಿಕೊಡುತ್ತಿದ್ದೆ. ಈ ತರಗತಿಗಳ ಪಾಪವೆಲ್ಲ ನನ್ನ ಹೆಸರಿಗೇ ಬರೆದಿದ್ದರೆ ಮುಂದಿನ ಜನ್ಮದಲ್ಲಿ ನಾನು ಕೆರೆಯಲ್ಲೇ ಹುಟ್ಟಬೇಕು.

ಕಾಲೇಜಿನ ಕೊನೆಗಾಲಕ್ಕೆ ಕಪ್ಪೆ ಕೊಯ್ಯಬಾರದೆಂದು ಕಾಯ್ದೆ ಬಂತು, ಕಂಪ್ಯೂಟರ್ ಕಪ್ಪೆ ಬಂತು. ಒತ್ತಿದರೆ ಗೆರೆ, ಒತ್ತಿದರೆ ಗೆರೆ. ಮೂಗು ಬೆಳ್ಳಗಾಯಿತು. ಆದರೆ ನವನಗರದಲ್ಲಿ ಕರೆಂಟು ಹೋದರೆ ಕಪ್ಪೆಯೂ ಹೋಗುತ್ತಿತ್ತು. ಹಳೆಯ ಕಪ್ಪೆ ಸತ್ತ ಮೇಲೂ ಕೆಲಸ ಮಾಡುತ್ತಿತ್ತು; ಹೊಸದು ಬದುಕಿರುವಾಗಲೇ ಕೈಕೊಡುತ್ತಿತ್ತು.

ಈಗ ನನಗೆ ಬಹಳ ನೆನಪಿರುವ ಪರೀಕ್ಷೆಯ ಮಾತು. ಅದು ಕಂಪ್ಯೂಟರ್ ಬರುವ ಮುಂಚಿನದು.

ಭಾಗ್ಯಶ್ರೀ ಅಂತ ಇಳಕಲ್ಲಿನ ಹುಡುಗಿ. ತಂದೆ ನೆಲದ ಗುಂಡಿಯಲ್ಲಿ ಕಾಲು ಇಳಿಬಿಟ್ಟು ಕೂತು ಗುಂಡಿ ಮಗ್ಗದಲ್ಲಿ ಸೀರೆ ನೇಯುವವನು. ಪುಸ್ತಕದ ಪ್ರಶ್ನೆ ಯಾವುದೇ ಕೇಳಿ, ಪಟಪಟ ಉತ್ತರ. ಆದರೆ ಕಪ್ಪೆ ಕೈಗೆ ಕೊಟ್ಟರೆ ಮುಗಿಯಿತು. ಅದರ ಗಂಟಲು ಮಿಡಿಯುವುದು ನೋಡಿ ಅಳುತ್ತಿದ್ದಳು. ಪರೀಕ್ಷೆಯಲ್ಲಿ ನಾನು ಸೂಜಿ ಹಾಕಿಕೊಡುವಂತಿಲ್ಲ, ಎದುರಿಗೆ ಹೊರಗಿನ ಪರೀಕ್ಷಕರು ಕೂತಿರುತ್ತಾರೆ. ಎರಡು ಸಲ ಫೇಲಾದಳು. ಮೂರನೆಯ ಸಲವೂ ಆದರೆ ಕೋರ್ಸು ಬಿಟ್ಟು ಮನೆಗೆ ಹೋಗಬೇಕು ಅಂತ ನಿಯಮ.

"ಮನೀಗೆ ಹೋದ್ರ ಏನ ಆಗತೈತಿ? ಮಗ್ಗ ಐತೆಲ್ಲ," ಅಂದೆ ಒಮ್ಮೆ.

"ಮಗ್ಗ ಐತ್ರಿ, ಮಗ್ಗದಾಗ ಕೂತವರ ಮೊಣಕಾಲ ಇಲ್ಲ," ಅಂದಳು. "ನಮ್ಮ ಓಣ್ಯಾಗ ಕೂತ ಮನಿಷ್ಯಾ ಗ್ವಾಡಿ ಹಿಡೀಲಾರದ ಎದ್ದದ್ದ ನಾ ನೋಡಿಲ್ಲ. ಇದನ್ನ ಕಲತ ಹೋಗಬೇಕ್ರಿ ನಾ."

"ಹಂಗಾರ ಕಪ್ಪಿಗೆ ಸೂಜಿ ಹಾಕ. ಅಳಕೋಂತನ ಹಾಕ. ಅತ್ತರ ಮಾರ್ಕ್ಸ ಕಡಿಮಿ ಕೊಡೂದಿಲ್ಲ."

ಕಣ್ಣು ಒರೆಸಿಕೊಂಡು ಹ್ಞೂಂ ಅಂದಳು. ನಾನೇ ದಿನಾ ಸಂಜೆ ಕೂರಿಸಿ ಕಪ್ಪೆ ಹಿಡಿಯುವುದನ್ನು ಅಭ್ಯಾಸ ಮಾಡಿಸಿದೆ. ಮೊದಲು ಬದನೆಕಾಯಿ ಹಿಡಿಸಿದೆ, ಆಮೇಲೆ ಒದ್ದೆ ಬದನೆಕಾಯಿ, ಆಮೇಲೆ ಕಪ್ಪೆ. ಪರೀಕ್ಷೆಯ ಹೊತ್ತಿಗೆ ಕಪ್ಪೆಯನ್ನು ಕೈಯಲ್ಲಿ ಹಿಡಿದು ನಿಲ್ಲುವಷ್ಟಾಗಿದ್ದಳು.

ಆ ವರ್ಷ ಮಳೆ ಬಂದಿರಲಿಲ್ಲ. ಕಾರಹುಣ್ಣಿಮೆ ಮುಗಿದರೂ ನೆಲ ಹಂಚಿನಂತೆ ಕಾಯುತ್ತಿತ್ತು. ನಮಗೆ ಕಪ್ಪೆ ತಂದುಕೊಡುವ ಮಕ್ತುಮಸಾಬ ಪಟ್ಟದಕಲ್ಲಿನ ಆಚೆ ಈಚೆ ಮಲಪ್ರಭೆಯ ಗುಂಡಿಗಳಲ್ಲೆಲ್ಲ ಹುಡುಕಿ, ಪರೀಕ್ಷೆಗೆ ಸಾಲುವಷ್ಟನ್ನು ಹೇಗೋ ಹಿಡಿದು ತಂದು ನಮ್ಮ ಸಿಮೆಂಟಿನ ತೊಟ್ಟಿಯಲ್ಲಿ ಬಿಟ್ಟಿದ್ದ. ಪರೀಕ್ಷೆಗೆ ಎರಡು ದಿನ ಇದೆ ಅನ್ನುವಾಗ ಹೊಳೆ ದಂಡೆಯ ಒಂದು ಹಳ್ಳಿಯಿಂದ ಗೌಡರೊಬ್ಬರು ನಾಲ್ಕು ಮಂದಿಯೊಡನೆ ಬಂದರು. ಚೇರ್ಮನ್ನರ ಬೀಗರು. ದೇಸಾಯಿ ಸರ್ ಎದ್ದು ನಿಂತು ಖುರ್ಚಿ ಕೊಟ್ಟರು.

"ಒಂದ ಜೋಡಿ ಕಪ್ಪಿ ಬೇಕಾಗಿತ್ತ್ರಿ ಸರ," ಅಂದರು ಗೌಡರು. "ಗಂಡೊಂದು, ಹೆಣ್ಣೊಂದು."

"ಯಾಕ್ರಿ ಗೌಡ್ರ?"

"ಲಗ್ನ ಮಾಡಾಕರಿ. ಮಳಿ ಮುಖಾನ ತೋರಸವಲ್ದು. ನಾಳಿ ಬಿಟ್ರ ಅಮಾಸಿ ಬರತೈತಿ, ಆಷಾಢ ಹಿಡೀತಂದ್ರ ಕಪ್ಪಿಗೂ ಲಗ್ನ ಮಾಡಾಕ ಬರೂದಿಲ್ಲ."

"ನಿಮ್ಮ ಹೊಳ್ಯಾಗ ಸಿಗೂದಿಲ್ಲೇನ್ರಿ?"

"ಎಲ್ಲಿ ಸಿಗತಾವ್ರಿ? ಇದ್ದವನ್ನೆಲ್ಲಾ ನಿಮ್ಮ ಮಕ್ತುಮಸಾಬ ಬಳಕೊಂಡ ಬಂದಾನ. ಕಪ್ಪಿ ಒದರಲಿಲ್ಲಂದ್ರ ಮಳಿ ಹೆಂಗ ಬಂದೀತು ಹೇಳ್ರಿ!"

ಅಂದರೆ ಬರಗಾಲಕ್ಕೆ ನಾವೇ ಕಾರಣ ಅಂತಾಯಿತು. ದೇಸಾಯಿ ಸರ್ ಮಕ್ತುಮಸಾಬನನ್ನು ಕರೆಸಿದರು. ಅವನೇ ಜೋಡಿ ಆರಿಸಿ ಮಡಕೆಯಲ್ಲಿ ಹಾಕಿಕೊಟ್ಟ. ಅಲ್ಲಿಗೆ ಮುಗಿಯುತ್ತಿತ್ತು. ಆದರೆ ಸರ್ ಅವರಿಗೆ ಪರೀಕ್ಷೆಯಲ್ಲಿ ಕಪ್ಪೆ ಕಡಿಮೆ ಬಿದ್ದರೆ ಅನ್ನುವ ಹೆದರಿಕೆ. ಬಾಗಿಲ ತನಕ ಹೋಗಿ, "ಲಗ್ನಾ ಮುಗಿದ ಮ್ಯಾಲೆ ವಾಪಸ್ ತಂದುಕೊಡ್ರಿ" ಅಂದುಬಿಟ್ಟರು.

"ಎರವು ತಂದದ್ದ ಇಟ್ಟುಕೊಳ್ಳೂ ಮಂದಿ ಅಲ್ರಿ ನಾವು," ಅಂದರು ಗೌಡರು.

ಮಾತಿಗೆ ತಪ್ಪಲಿಲ್ಲ. ಮರುದಿನ ಸಂಜೆ ಟ್ರ್ಯಾಕ್ಟರಿನಲ್ಲಿ ದಂಪತಿಯನ್ನು ಕರೆತಂದರು. ಮೈಗೆ ಅರಿಶಿನ, ಸೊಂಟಕ್ಕೆ ಹಳದಿ ದಾರ. ಹೆಣ್ಣಿಗೆ ಗುಳೇದಗುಡ್ಡದ ಖಣದ ತುಂಡೊಂದನ್ನು ಹೊದಿಸಿದ್ದರು. ಗೌಡರು ತಾವೇ ಕೈಯಾರೆ ತೊಟ್ಟಿಗೆ ಇಳಿಸಿ, ಅಕ್ಕಿಕಾಳು ಹಾಕಿ ಹೋದರು. ಬುಳುಕ್ ಅಂತ ಎರಡೂ ಮುಳುಗಿದವು. ಅರಿಶಿನ ತೊಳೆಯಿತು, ದಾರ ಕಳಚಿತು, ಖಣ ತೇಲಿತು.

ಆ ರಾತ್ರಿ ಮಳೆ ಹೊಡೆಯಿತು. ಬಾದಾಮಿ ಕಡೆಯಿಂದ ಎದ್ದು ಬಂದು ನವನಗರದ ರಸ್ತೆ ತುಂಬಿಸಿ ಹೋಯಿತು.

ಬೆಳಿಗ್ಗೆ ನಾನು ಕೆಲಸಕ್ಕೆ ಬಂದರೆ ತೊಟ್ಟಿಯ ಸುತ್ತ ಹೆಂಗಸರು. ಆ ಹಳ್ಳಿಯಿಂದ ಹೋಳಿಗೆ ಮಾಡಿಕೊಂಡು, ಆರತಿ ಹಿಡಿದುಕೊಂಡು ಬಂದಿದ್ದಾರೆ. ಅದೇ ಹೊತ್ತಿಗೆ ಪರೀಕ್ಷಕರೂ ಬಂದರು. ದಕ್ಷಿಣದ ಕಡೆಯವರು, ಕೆಸರಾದ ಪ್ಯಾಂಟು ಮಡಚಿಕೊಂಡಿದ್ದರು. "ಇದೇನ್ರೀ ದೇಸಾಯಿಯವರೇ, ಇದು ಪರೀಕ್ಷಾ ಕೇಂದ್ರವೋ ಮದುವೆ ಮನೆಯೋ?" ಅಂದರು. ದೇಸಾಯಿ ಸರ್ ಎರಡಕ್ಕೂ ಹೌದು ಅನ್ನುವಂತೆ ತಲೆ ಆಡಿಸಿದರು.

ನಾನು ಬಲೆ ತೆಗೆದುಕೊಂಡು ತೊಟ್ಟಿಯ ಹತ್ತಿರ ಹೋದೆ. ಮುಂದೆ ನಿಂತಿದ್ದ ಹೆಂಗಸು ಕೈ ಅಡ್ಡ ಹಾಕಿದಳು.

"ಏನವ್ವಾ, ಹಸೀಮೈ ಮದುಮಗಳಿಗೆ ಸೂಜಿ ಚುಚ್ಚಾಕ ಬಂದಿಯೇನ? ನಿನ್ನ ಕೈಯಾಗ ಹುಳ ಬೀಳಲಿ!"

"ನಿಮ್ಮ ಮದುಮಕ್ಕಳು ಯಾವು ತೋರಸ್ರಿ. ಅವನ್ನ ಬಿಟ್ಟು ಬ್ಯಾರೇವ್ನ ಒಯ್ತೇನಿ."

ಎಲ್ಲರೂ ಬಗ್ಗಿ ನೋಡಿದರು. "ಅಕಾ ನೋಡ, ಅದಽ," ಅಂದಳು ಒಬ್ಬಳು. "ಅದಲ್ಲ ಬಿಡ, ನಮ್ಮ ಹುಡುಗಿ ಅಷ್ಟ ದಪ್ಪ ಇದ್ದಿದ್ದಿಲ್ಲ," ಅಂದಳು ಇನ್ನೊಬ್ಬಳು. ಮೂರನೆಯವಳು ವರನನ್ನು ಎರಡು ಕಡೆ ತೋರಿಸಿದಳು. ಕೊನೆಗೆ ಎಲ್ಲ ಕಪ್ಪೆಗಳನ್ನೂ ಬೀಗರೆಂದೇ ತಿಳಿಯುವುದು ಅಂತ ಇತ್ಯರ್ಥವಾಯಿತು.

ಮಕ್ತುಮಸಾಬನನ್ನು ಕರೆದು, "ನೀನರ ಹಿಡಿಯೋ," ಅಂದೆ. ಅವನು ಎರಡು ಹೆಜ್ಜೆ ಹಿಂದೆ ಸರಿದ. "ನಿನ್ನಿ ಲಗ್ನಕ್ಕ ಹೋಗಿ ಹೊಟ್ಟಿ ತುಂಬ ಉಂಡ ಬಂದೇನಿ ಅಕ್ಕಾ. ಉಂಡ ಮನಿಗೆ ಎರಡ ಬಗೀಲೇನು?"

ಹುಡುಗರು ಕೂಡ ಗುಂಪು ಕಟ್ಟಿ ನಾವು ಮುಟ್ಟುವುದಿಲ್ಲ ಅಂದರು. ಅವರ ಹೊಲಗಳಿಗೂ ಅದೇ ಮಳೆ ಬಿದ್ದಿತ್ತು. ಭಾಗ್ಯಶ್ರೀ ಒಬ್ಬಳೇ ಮೂಲೆಯಲ್ಲಿ ಸೂಜಿ ಹಿಡಿದುಕೊಂಡು ನಿಂತಿದ್ದಳು. ಇಷ್ಟು ದಿನ ಧೈರ್ಯ ಕೂಡಿಸಿ ತಂದಿದ್ದಳಲ್ಲ, ಅದನ್ನು ಎಲ್ಲಿ ಇಡಬೇಕೋ ಗೊತ್ತಾಗದ ಮುಖ.

ಪರೀಕ್ಷಕರು ಗಡಿಯಾರ ನೋಡಿಕೊಂಡರು, ತೊಟ್ಟಿ ನೋಡಿದರು, ಯಾರೋ ಕೈಗಿಟ್ಟ ಹೋಳಿಗೆ ನೋಡಿದರು. "ಕಪಾಟಿನಲ್ಲಿ ಬೆರಳಿನ ಯಂತ್ರ ಇದೆಯೇ?" ಅಂದರು. ಇತ್ತು. ಮುಂಗೈಯನ್ನು ಹಲಗೆಗೆ ಕಟ್ಟಿ, ನಡುಬೆರಳಿಗೆ ಹಗ್ಗ ಹಾಕಿ, ರಾಟೆಯ ಮೇಲಿಂದ ತೂಕ ಇಳಿಬಿಡುವ ಸಾಮಾನು ಅದು. ಪಕ್ಕದಲ್ಲಿ ಟಿಕ್ ಟಿಕ್ ಅನ್ನುವ ಇನ್ನೊಂದು ಯಂತ್ರ. ಒಂದೊಂದು ಟಿಕ್ಕಿಗೂ ಬೆರಳು ಮಡಚಿ ತೂಕ ಎತ್ತಬೇಕು. ಎಷ್ಟು ಎತ್ತಿದರೋ ಅಷ್ಟು ಎತ್ತರದ ಗೆರೆ ಮಸಿಯ ಮೇಲೆ ಬೀಳುತ್ತದೆ. ಬೆರಳು ದಣಿದಂತೆ ಗೆರೆ ಗಿಡ್ಡವಾಗುತ್ತ ಬಂದು ಸೊನ್ನೆಯಾಗಬೇಕು. ಹುಡುಗರು ಒಬ್ಬರ ಬೆರಳನ್ನು ಒಬ್ಬರು ದುಡಿಸಿಕೊಂಡರು. ಪೆನ್ನು ಹಿಡಿದ ಬೆರಳುಗಳು; ಚಹಾ ಬರುವುದರೊಳಗೆ ಬಿದ್ದವು. ಎಲ್ಲರೂ ಪಾಸು.

ಕೊನೆಗೆ ಉಳಿದವಳು ಭಾಗ್ಯಶ್ರೀ, ಜೊತೆಯಿಲ್ಲದವಳು. ಉಳಿದವರೆಲ್ಲ ಮತ್ತೆ ಹನಿಯತೊಡಗಿದ ಮಳೆ ನೋಡಲು ಓಡಿದ್ದರು. "ಆ ಅಮ್ಮನನ್ನೇ ಕೂರಿಸಿ," ಅಂದರು ಪರೀಕ್ಷಕರು. ಕಪ್ಪೆಯ ಜಾಗಕ್ಕೆ ನಾನು ಬಂದೆ.

ಟಿಕ್ ಅಂತು, ಎತ್ತಿದೆ. ಟಿಕ್ ಅಂತು, ಎತ್ತಿದೆ. ಎತ್ತುತ್ತಲೇ ಹೋದೆ. ಗೆರೆಗಳೆಲ್ಲ ಒಂದೇ ಎತ್ತರಕ್ಕೆ, ಬೇಲಿ ನೆಟ್ಟಂತೆ. ಮನೆಮಂದಿಗೆಲ್ಲ ರೊಟ್ಟಿ ಬಡಿದು, ನೀರು ಸೇದಿ, ಇಲ್ಲಿ ಬಂದು ಉರುಳೆ ತಿರುಗಿಸುವ ಕೈ. ಆ ತೂಕ ಅದಕ್ಕೆ ಆಟದ ಸಾಮಾನು. ಹುಡುಗಿ ತೂಕ ಹೆಚ್ಚಿಸಿದಳು. ಪೆಟ್ಟಿಗೆಯಲ್ಲಿದ್ದ ತೂಕ ಮುಗಿದವು. ಬೇಲಿ ಒಂದಿಷ್ಟು ಗಿಡ್ಡವಾಯಿತು, ಆದರೆ ಇಳಿಯಲಿಲ್ಲ.

"ಇವರು ದಣಿಯುವ ಹಾಗೆ ಕಾಣುವುದಿಲ್ಲವಲ್ಲಮ್ಮ," ಅಂದರು ಪರೀಕ್ಷಕರು. "ನಿನಗೆ ಕೊಟ್ಟ ಪ್ರಶ್ನೆ ದಣಿವಿನದು. ದಣಿವೇ ಇಲ್ಲದಿದ್ದರೆ ನಾನು ಯಾವುದಕ್ಕೆ ಅಂಕ ಕೊಡಲಿ? ನನ್ನ ಬಸ್ಸೂ ಇದೆ."

ಹುಡುಗಿ ನನ್ನ ಕಡೆ ಬಗ್ಗಿದಳು. ನಾನು ಮೆಲ್ಲಗೆ, "ದಣದಂಗ ನಾಟಕ ಮಾಡಲೇನ?" ಅಂದೆ.

"ಬ್ಯಾಡ್ರಿ ಸಂಗವ್ವಾರ, ಗೊತ್ತಾಗತೈತಿ. ನಾಟಕಾ ಮಾಡಿದ್ರ ಗೆರಿ ದೊಪ್ಪಂತ ಬೀಳತೈತಿ. ಖರೇ ದಣಿವು ಇಷ್ಟಿಷ್ಟ ಇಳೀತೈತಿ."

ಆಮೇಲೆ ಇದ್ದಕ್ಕಿದ್ದಂತೆ ಎದ್ದು, ರಕ್ತದೊತ್ತಡ ನೋಡುವ ಪಟ್ಟಿ ತಂದು ನನ್ನ ರಟ್ಟೆಗೆ ಸುತ್ತಿದಳು. ರಬ್ಬರಿನ ಉಂಡೆ ಹಿಸುಕಿ ಗಾಳಿ ತುಂಬತೊಡಗಿದಳು. ತುಂಬಿದಳು, ಇನ್ನೂ ತುಂಬಿದಳು.

"ಏ ಹುಡುಗಿ, ಕೈ ಕಡಿದ ಬೀಳತೈತಿ!"

"ಮಾತಾಡಬ್ಯಾಡ್ರಿ, ಎತ್ತರಿ."

"ಬೆರಳಾಗ ಬೆಂಕಿ ಇಟ್ಟಂಗ ಆಗಾಕತ್ತೈತಿ ಅಂದ್ರ!"

"ಆಗಲಿ. ಎತ್ತರಿ ಅಂದ್ರ ಎತ್ತರಿ!"

ಎತ್ತಿದೆ. ಬೆರಳು ನನ್ನದೇ, ಆದರೆ ಮಾತು ಕೇಳಲೊಲ್ಲದು. ಟಿಕ್ಕಿಗೆ ಅರ್ಧ ಎದ್ದಿತು, ಆಮೇಲೆ ಕಾಲು ಭಾಗ. ಮಸಿಯ ಮೇಲಿನ ಬೇಲಿ ಗಿಡ್ಡವಾಗುತ್ತ, ಇಳಿಜಾರಾಗುತ್ತ ಬಂತು. ಪರೀಕ್ಷಕರು ಖುರ್ಚಿ ಎಳೆದುಕೊಂಡು ಹತ್ತಿರ ಕೂತರು.

"ಏಕೆ ಹೀಗಾಯಿತು, ಹೇಳು."

"ರಕ್ತ ನಿಲ್ಲಿಸೇನ್ರಿ ಸರ್. ಸ್ನಾಯುಕ್ಕ ಹೊಸಾ ಉಸರಿಲ್ಲ, ದುಡದ ಹೊಲಸು ಹೊರಗ ಹೋಗಾಕ ದಾರಿ ಇಲ್ಲ. ಇವರ ಮನಸ ಎತ್ತಂತೈತಿ, ನರಾ ಸುದ್ದಿ ಮುಟ್ಟಸತೈತಿ, ಆದ್ರ ಸ್ನಾಯುದಾಗ ಎಳಿಯೂ ಕೈ ಸೋತಾವ."

"ಮತ್ತೆ ಶಕ್ತಿ ಬರಬೇಕಾದರೆ?"

"ಪಟ್ಟಿ ಬಿಟ್ರ ಬರತೈತ್ರಿ."

"ಹಾಗಾದರೆ ಬಿಡಮ್ಮ. ಆಕೆಯ ಕೈ ನೀಲಿಯಾಗಿದೆ."

"ತಡೀರಿ ಸರ್," ಅಂದಳು ಭಾಗ್ಯಶ್ರೀ. ನನ್ನ ಕಡೆ ನೋಡಲೂ ಇಲ್ಲ. ಕಣ್ಣು ಮಸಿಯ ಮೇಲೆ. "ಗೆರಿ ಇನ್ನೂ ನೆಲಾ ಮುಟ್ಟಿಲ್ಲ."

ಪರೀಕ್ಷಕರು ಕನ್ನಡಕ ತೆಗೆದು ಅವಳನ್ನು ನೋಡಿದರು. ನಾನೂ ನೋಡಿದೆ. ನಾನು ಹಲ್ಲು ಕಚ್ಚಿ ಇನ್ನೊಮ್ಮೆ ಎತ್ತಲು ಹೋದೆ. ಬೆರಳು ಮಿಸುಕಿತು ಅಷ್ಟೇ. ಮತ್ತೊಮ್ಮೆ ಟಿಕ್ ಅಂತು. ಏನೂ ಇಲ್ಲ. ಗೆರೆ ಚಪ್ಪಟೆಯಾಗಿ ನೆಲ ಹಿಡಿಯಿತು. ಆಗಲೇ ಅವಳು ಗಾಳಿ ಬಿಟ್ಟಿದ್ದು. ತೋಳಿನಿಂದ ಬೆರಳ ತುದಿಯ ತನಕ ಕೆಂಜಿಗ ಹರಿದಂತಾಯಿತು, ಬಾಯಿಗೆ ಬಂದದ್ದೆಲ್ಲ ಬೈದೆ. ನಾಲ್ಕಾರು ಟಿಕ್ಕಿನಲ್ಲಿ ಬೆರಳು ತಾನೇ ಎದ್ದು ತೂಕ ಎತ್ತಿತು, ಗೆರೆ ಮತ್ತೆ ಏರಿತು.

"ಪಾಸು," ಅಂದರು ಪರೀಕ್ಷಕರು, ಚೀಲ ಹೆಗಲಿಗೆ ಹಾಕಿಕೊಳ್ಳುತ್ತ. "ಇವಳ ಕೈಗೆ ಸಿಕ್ಕ ರೋಗಿ ಎದ್ದು ನಡೆಯಲೇಬೇಕು. ನಡೆಯದಿದ್ದರೆ ಇವಳು ಬಿಡುವುದಿಲ್ಲ."

ಹೊರಗೆ ಹೆಂಗಸರು ಕಪ್ಪೆಗಳಿಗೆ ಆರತಿ ಎತ್ತುತ್ತಿದ್ದರು. ನನ್ನ ಕೈ ಕಟ್ಟು ಬಿಚ್ಚಬೇಕೆಂದು ಯಾರಿಗೂ ನೆನಪಾಗಲಿಲ್ಲ. ದೇಸಾಯಿ ಸರ್ ಪರೀಕ್ಷಕರ ಹಿಂದೆ ಕೊಡೆ ಹಿಡಿದು ಓಡಿದರು. ಭಾಗ್ಯಶ್ರೀ ಕರಿ ಕಾಗದವನ್ನು ಉರುಳೆಯಿಂದ ಬಿಡಿಸಿ, ಎರಡೂ ತುದಿಯನ್ನು ಚಿಮಟಿಯಂತೆ ಹಿಡಿದು, ಉಸಿರು ಬಿಗಿಹಿಡಿದು ವಾರ್ನಿಷಿನ ಕಡೆ ನಡೆದಳು.

"ಏ, ಅದು ನನ್ನ ಕೆಲಸ, ಇಡ ಅಲ್ಲಿ!" ಅಂತ ಕೂಗಿದೆ.

"ನೀವು ಕೈ ಅಲಗಾಡಿಸ್ತೀರಿ, ಸುಮ್ಮ ಕುಂದರ್ರಿ," ಅಂದು ಅವಳೇ ಅದ್ದಿದಳು.